ತೋಪಿನಿಂದ ತಟ್ಟಿದ ಬಾಗಿಲು



ಪ್ರಕಟನೆಯ ಗ್ರಂಥದ 3ನೆಯ ಅಧ್ಯಾಯದಲ್ಲಿ ಬಾಗಿಲಿನ ಮಾತು ಎರಡು ಸಾರಿ ಬರುತ್ತದೆ. ಫಿಲದೆಲ್ಫಿಯದ ಸಭೆಗೆ ಬರೆಸಿದ ಪತ್ರದಲ್ಲಿ, ಯಾರಿಂದಲೂ ಮುಚ್ಚಲಾಗದ ಒಂದು ಬಾಗಿಲನ್ನು ಕರ್ತನು ತೆರೆದಿಟ್ಟಿದ್ದಾನೆಂದು ಕಾಣುತ್ತೇವೆ. ಲವೊದಿಕೀಯದ ಸಭೆಗೆ ಬರೆಸಿದ ಪತ್ರದಲ್ಲಾದರೋ ಅದೇ ಕರ್ತನು ಮುಚ್ಚಿದ ಬಾಗಿಲಿನ ಹೊರಗೆ ನಿಂತು ತಟ್ಟುತ್ತಿದ್ದಾನೆ. ಸಮಸ್ತ ಬೀಗದ ಕೈಗಳನ್ನು ಹಿಡಿದಿರುವವನು ಒಂದು ಮನೆಯ ಹೊಸ್ತಿಲಿನ ಹೊರಗೆ ಕಾದು ನಿಲ್ಲುವದೇಕೆ? ಒದ್ದು ತೆರೆಯುವದಕ್ಕೆ ಅವನಿಗೆ ಬಲವಿಲ್ಲವೇ? ಈ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು ಈ ತಿಂಗಳು ಜಪಾನ್ ದೇಶದ ಬಾಗಿಲು ತೆರೆದ ಚರಿತ್ರೆಯನ್ನು ನಿಮ್ಮ ಮುಂದೆ ಇಡಬೇಕೆಂದಿದ್ದೇನೆ.

ಇದಕ್ಕೆ ಕಾರಣವುಂಟು. ಕಳೆದ ಮಳೆಗಾಲದಲ್ಲಿ ಒಂದು ಹಳ್ಳಿಯ ಸಭೆಗೆ ಹೋಗಿದ್ದಾಗ, ಆರಾಧನೆ ಮುಗಿದ ಮೇಲೆ ಒಬ್ಬ ಹಿರಿಯರು ನನ್ನನ್ನು ಜಗಲಿಯ ಮೇಲೆ ಕೂರಿಸಿಕೊಂಡು, "ಉಪದೇಶಿಗಳೇ, ಸಂತೆಯಲ್ಲಿ ಒಬ್ಬನು ನನ್ನನ್ನು ನೋಡಿ, ನಿಮ್ಮ ದೇವರು ಹಡಗಿನ ತೋಪಿನ ಹಿಂದೆ ಬಂದವನಲ್ಲವೇ ಅಂದನು. ನನಗೆ ಉತ್ತರ ತೋಚಲಿಲ್ಲ. ನೀವಾದರೂ ಹೇಳಿರಿ" ಎಂದರು. ನಾನು ಸೆಮಿನರಿಯಲ್ಲಿ ಕಲಿತ ಸಭಾಚರಿತ್ರೆಯಿಂದ ನಾಲ್ಕು ಮಾತು ಹೇಳಿದೆನು. ಅವರು ತಲೆಯಾಡಿಸಿದರು. ಆದರೆ ಆ ಉತ್ತರವು ಅವರಿಗೂ ಸಾಲಲಿಲ್ಲ, ನನಗೂ ಸಾಲಲಿಲ್ಲ. ಹಿಂದಿರುಗಿ ನಡೆದು ಬರುವಾಗ ದಾರಿಯುದ್ದಕ್ಕೂ ಜಪಾನಿನ ಚರಿತ್ರೆಯು ನೆನಪಿಗೆ ಬರುತ್ತಿತ್ತು. ಯಾಕಂದರೆ ತೋಪೂ ಸುವಾರ್ತೆಯೂ ಒಂದರ ಪಕ್ಕದಲ್ಲಿ ಒಂದು ಅಷ್ಟು ಸ್ಪಷ್ಟವಾಗಿ ಕಾಣಿಸುವ ದೇಶಗಳು ಕಡಿಮೆ.

ಮೊದಲು ಆ ಬಾಗಿಲು ಯಾಕೆ ಮುಚ್ಚಲ್ಪಟ್ಟಿತೆಂಬದನ್ನು ತಿಳಿಯಬೇಕು. 1548ರಲ್ಲಿ ನಮ್ಮ ನೆರೆಯ ಗೋವೆಯಲ್ಲಿ ಅಂಜಿರೋ ಎಂಬ ಜಪಾನೀಯನೊಬ್ಬನು ದೀಕ್ಷಾಸ್ನಾನ ಹೊಂದಿದನು. ಅವನನ್ನು ಸಂಗಡ ಕರೆದುಕೊಂಡು ಫ್ರಾನ್ಸಿಸ್ ಜೇವಿಯರ್ ಎಂಬ ರೋಮನ್ ಕಥೋಲಿಕ ಪಾದ್ರಿಯು 1549ರಲ್ಲಿ ಜಪಾನಿನ ಕಾಗೊಶಿಮಾ ಪಟ್ಟಣವನ್ನು ಮುಟ್ಟಿದನು. ಮುಂದಿನ ಐವತ್ತು ವರುಷಗಳಲ್ಲಿ ಲಕ್ಷಕ್ಕಿಂತ ಹೆಚ್ಚು ಜನರು ಆ ಮಾತನ್ನು ನಂಬಿದರು. ಆಳುವವರಿಗೆ ಹೆದರಿಕೆ ಹುಟ್ಟಿತು. ಇಂದು ಪಾದ್ರಿ ಬಂದನು, ನಾಳೆ ವರ್ತಕನು ಬರುವನು, ನಾಡದು ಪೋರ್ತುಗಲಿನ ಅಥವಾ ಸ್ಪೇನಿನ ಅರಸನ ದಂಡು ಬರುವದೆಂದು ಅವರು ಎಣಿಸಿದರು. ಈ ಹೆದರಿಕೆಯು ಸುಳ್ಳೆಂದು ನಾವು ಹೇಳಲಾರೆವು. ಬೇರೆ ದೇಶಗಳಲ್ಲಿ ಹಾಗೆ ಆಗಿತ್ತು. 1597ರ ಫೆಬ್ರವರಿ 5ರಂದು ನಾಗಸಾಕಿಯಲ್ಲಿ 26 ಮಂದಿಯನ್ನು ಶಿಲುಬೆಗೆ ಹಾಕಿಸಿ ಕೊಂದರು. 1614ರಲ್ಲಿ ಕ್ರೈಸ್ತ ಮತವೇ ದೇಶದಲ್ಲಿ ಇರಬಾರದೆಂದು ಆಜ್ಞೆಯಾಯಿತು. 1637ರಲ್ಲಿ ಶಿಮಾಬಾರಾ ಸೀಮೆಯ ರೈತರು, ಅವರಲ್ಲಿ ಬಹುಮಂದಿ ಕ್ರೈಸ್ತರು, ತೆರಿಗೆಯ ಭಾರವನ್ನು ತಾಳಲಾರದೆ ದಂಗೆಯೆದ್ದರು. ಮರು ವರುಷ ಕೋಟೆಯೊಳಗಿದ್ದವರನ್ನೆಲ್ಲಾ ಸಂಹರಿಸಿದರು. 1639ರಿಂದ ಪೋರ್ತುಗೀಸರ ಹಡಗುಗಳಿಗೆ ಪ್ರವೇಶವೇ ಇಲ್ಲದೆ ಹೋಯಿತು. ಡಚ್ಚರನ್ನು ಮಾತ್ರ 1641ರಿಂದ ನಾಗಸಾಕಿಯ ರೇವಿನಲ್ಲಿ ಮನುಷ್ಯರೇ ಮಣ್ಣು ತುಂಬಿಸಿ ಮಾಡಿದ ದೆಜಿಮಾ ಎಂಬ ಚಿಕ್ಕ ದ್ವೀಪದಲ್ಲಿ ಇರಗೊಟ್ಟರು. ಅವರು ಮಾರುವದಕ್ಕೂ ಕೊಳ್ಳುವದಕ್ಕೂ ಬಂದವರು. ತಮ್ಮ ನಂಬಿಕೆಯ ವಿಷಯದಲ್ಲಿ ಬಾಯಿ ಮುಚ್ಚಿಕೊಂಡಿದ್ದರು. ದೇಶಬಿಟ್ಟು ಹೋದ ಜಪಾನೀಯನು ತಿರುಗಿ ಬಂದರೆ ಮರಣದಂಡನೆ. ಊರೂರಿಗೂ ಹಲಗೆ ನೆಟ್ಟು, ಕ್ರೈಸ್ತರನ್ನು ತೋರಿಸಿಕೊಡುವವರಿಗೆ ಇಷ್ಟು ಬೆಳ್ಳಿ ಎಂದು ಬರೆದಿದ್ದರು. ನಾಗಸಾಕಿಯ ಜನರು ವರುಷಕ್ಕೊಮ್ಮೆ ಕರ್ತನ ಅಥವಾ ಮರಿಯಳ ಚಿತ್ರ ಕೊರೆದ ಹಲಗೆಯ ಮೇಲೆ ಕಾಲಿಟ್ಟು ತುಳಿಯಬೇಕಾಗಿತ್ತು. ಇನ್ನೂರು ವರುಷಗಳ ಮೇಲೆ ಈ ಬೀಗವು ಹೀಗೆಯೇ ಬಿದ್ದಿತ್ತು.

ಈಗ ಮೊದಲನೆಯ ತಟ್ಟುವಿಕೆಯನ್ನು ಕೇಳಿರಿ. ಇದನ್ನು ಬಹುಮಂದಿ ಅರಿಯರು. 1834ರಲ್ಲಿ, ಅಂದರೆ ನಮ್ಮ ಮಂಗಳೂರಿನ ತೀರದಲ್ಲಿ ಬಾಸೆಲ್ ಮಿಶನಿನ ಮೊದಲನೆಯ ಮೂವರು ಬೋಧಕರು ಇಳಿದ ವರುಷದಲ್ಲಿಯೇ, ಬಿರುಗಾಳಿಗೆ ಸಿಕ್ಕಿ ಒಂದು ವರುಷಕ್ಕಿಂತ ಹೆಚ್ಚು ಕಾಲ ಸಮುದ್ರದಲ್ಲಿ ತೇಲಿಕೊಂಡು ಹೋದ ಒಂದು ಜಪಾನೀ ಸರಕಿನ ದೋಣಿಯು ಅಮೆರಿಕಾದ ಪಡುವಣ ತೀರಕ್ಕೆ ಬಡಿಯಿತು. ಬದುಕಿ ಉಳಿದವರು ಮೂವರೇ: ಇವಾಕಿಚಿ, ಕ್ಯೂಕಿಚಿ, ಒಟೊಕಿಚಿ. ಕಡೆಯವನು ಇನ್ನೂ ಹುಡುಗನು. ಅವರು ಇಂಗ್ಲೆಂಡಿನ ಮೇಲಿಂದ ಚೀನದ ಮಕಾವೋ ಪಟ್ಟಣಕ್ಕೆ ಬಂದು ಮುಟ್ಟಿದರು. ಅಲ್ಲಿ ಗುಟ್ಸ್‌ಲಾಫ್ ಎಂಬ ಜರ್ಮನ್ ಬೋಧಕನು ಅವರನ್ನು ತನ್ನ ಮನೆಯಲ್ಲಿಟ್ಟುಕೊಂಡು, ಅವರ ಬಾಯಿಂದಲೇ ಜಪಾನೀ ಭಾಷೆಯನ್ನು ಕಲಿತು, ಅವರ ಸಹಾಯದಿಂದ ಯೋಹಾನನ ಸುವಾರ್ತೆಯನ್ನು ಆ ಭಾಷೆಗೆ ತಿರುಗಿಸಿದನು. ಅದು 1837ರಲ್ಲಿ ಸಿಂಗಾಪುರದಲ್ಲಿ ಅಚ್ಚಾಯಿತು. ಪಂಡಿತರಿಲ್ಲ, ನಿಘಂಟಿಲ್ಲ. ಆದಿಯಲ್ಲಿದ್ದ ವಾಕ್ಯವೆಂಬದಕ್ಕೆ ಆ ನಾವಿಕರಿಗೆ ಮಾತು ಸಿಗದೆ, ಜ್ಞಾನಿಯಾದವನು ಎಂಬ ಅರ್ಥದ ತಮ್ಮ ಮನೆಮಾತನ್ನೇ ಹೇಳಿಕೊಟ್ಟರು. ಮೀನುಗಾರರನ್ನು ಕರೆದುಕೊಂಡ ಕರ್ತನಿಗೆ ದೋಣಿಯವರ ಕನ್ನಡ ಸಾಕಾಗುವಂತೆ ದೋಣಿಯವರ ಜಪಾನಿಯೂ ಸಾಕಾಯಿತೆಂದು ನಾನು ಎಣಿಸುತ್ತೇನೆ.

ಅದೇ 1837ರಲ್ಲಿ ಈ ಮೂವರನ್ನೂ, ಹಾಗೆಯೇ ದಿಕ್ಕುತಪ್ಪಿ ಬಂದಿದ್ದ ಬೇರೆ ನಾಲ್ವರನ್ನೂ ಅವರವರ ಮನೆಗೆ ಮುಟ್ಟಿಸಬೇಕೆಂದು ಮೊರಿಸನ್ ಎಂಬ ಅಮೆರಿಕಾದ ವ್ಯಾಪಾರದ ಹಡಗು ಹೊರಟಿತು. ಸಮಾಧಾನದ ಗುರುತಾಗಿ ಹಡಗಿನ ತೋಪುಗಳನ್ನು ತೆಗೆದಿಟ್ಟು ಹೋದರು. ಹಡಗಿನ ಯಜಮಾನರಲ್ಲಿ ಒಬ್ಬನಾದ ಚಾರ್ಲ್ಸ್ ಕಿಂಗನು ತನ್ನ ಹೆಂಡತಿಯನ್ನೂ ಕರೆದುಕೊಂಡಿದ್ದನು. ವೈದ್ಯನಾದ ಪೀಟರ್ ಪಾರ್ಕರನೂ, ಅಚ್ಚುಕೂಟದ ಕೆಲಸಕ್ಕಾಗಿ ಚೀನಕ್ಕೆ ಬಂದಿದ್ದ ಸ್ಯಾಮುವೆಲ್ ವೆಲ್ಸ್ ವಿಲಿಯಮ್ಸ್ ಎಂಬ ಮಿಶನರಿಯೂ ಇದ್ದರು. ವ್ಯಾಪಾರದ ಆಶೆ ಅವರಲ್ಲಿ ಇರಲಿಲ್ಲವೆಂದಲ್ಲ. ಆದರೆ ಕೈಯಲ್ಲಿ ಆಯುಧವಿರಲಿಲ್ಲ. ಎದೋ ಕೊಲ್ಲಿಯ ಬಾಯಲ್ಲಿರುವ ಉರಾಗಾ ಎಂಬಲ್ಲಿ ಲಂಗರು ಹಾಕಿದರು. ದಡದಿಂದ ತೋಪು ಹಾರಿಸಿದರು. ದಕ್ಷಿಣಕ್ಕೆ ಹೋಗಿ ಕಾಗೊಶಿಮಾದಲ್ಲಿ ನೋಡಿದರು, ಅಲ್ಲಿಯೂ ತೋಪು. ಏಳು ಮಂದಿ ನಾವಿಕರು ತಮ್ಮ ಗುಡ್ಡಗಳನ್ನು ಕಣ್ಣಾರೆ ಕಂಡು, ಇಳಿಯಲಾರದೆ, ಅದೇ ಹಡಗಿನಲ್ಲಿ ಮಕಾವೋಗೆ ಹಿಂದಿರುಗಿದರು. ಮನೆಯಂಗಳದ ತನಕ ಬಂದು ಒಳಗೆ ಹೋಗಲಾರದವನ ಸಂಕಟವನ್ನು, ವಿಶ್ವಾಸದ ನಿಮಿತ್ತ ತಂದೆಯ ಮನೆಯಿಂದ ಹೊರಡಿಸಲ್ಪಟ್ಟ ನಮ್ಮವರಲ್ಲಿ ಕೆಲವರು ಬಲ್ಲರು.

ಹದಿನಾರು ವರುಷಗಳು ಕಳೆದವು. ಅಮೆರಿಕಾದವರು ತಿಮಿಂಗಿಲದ ಬೇಟೆಗಾಗಿ ಜಪಾನಿನ ಸಮುದ್ರಕ್ಕೆ ಬರತೊಡಗಿದ್ದರು. ಚೀನಕ್ಕೆ ಹೋಗುವ ಉಗಿಹಡಗುಗಳಿಗೆ ಕಲ್ಲಿದ್ದಲು ಬೇಕಾಗಿತ್ತು. ಒಡೆದ ಹಡಗುಗಳಿಂದ ಪಾರಾದ ಖಲಾಸಿಗಳನ್ನು ಜಪಾನಿನಲ್ಲಿ ಸೆರೆಯಲ್ಲಿಡುತ್ತಾರೆಂಬ ದೂರೂ ಇತ್ತು. ಆದದರಿಂದ ಅಧ್ಯಕ್ಷನಾದ ಮಿಲರ್ಡ್ ಫಿಲ್ಮೋರನು ಒಂದು ಪತ್ರವನ್ನು ಬರೆಸಿ, ಅದನ್ನು ಮುಟ್ಟಿಸುವದಕ್ಕೆ ನೌಕಾಸರದಾರನಾದ ಮ್ಯಾಥ್ಯೂ ಕ್ಯಾಲ್‌ಬ್ರೇತ್ ಪೆರಿಯನ್ನು ನೇಮಿಸಿದನು. ಪೆರಿಯು 1852ರ ನವೆಂಬರ್ 24ರಂದು ಮಿಸಿಸಿಪ್ಪಿ ಎಂಬ ಉಗಿಹಡಗಿನಲ್ಲಿ ಹೊರಟು, ಆಫ್ರಿಕದ ತುದಿಯನ್ನು ಸುತ್ತಿ, ಸಿಂಹಳದ ಗಾಲೆ ರೇವಿನಲ್ಲಿಯೂ ಸಿಂಗಾಪುರದಲ್ಲಿಯೂ ತಂಗಿ, ಚೀನದ ತೀರದಲ್ಲಿ ಉಳಿದ ಹಡಗುಗಳನ್ನು ಕೂಡಿಸಿಕೊಂಡನು. 1853ರ ಜುಲೈ 8ರಂದು ನಾಲ್ಕು ಹಡಗುಗಳು ಉರಾಗಾದ ಮುಂದೆ ಬಂದು ನಿಂತವು. ಎರಡು ಗಾಳಿಯ ಹಡಗುಗಳು, ಎರಡು ಉಗಿಯವು. ಹಾಯಿಯಿಲ್ಲದೆ, ಗಾಳಿಗೆ ಎದುರಾಗಿ, ಕಪ್ಪು ಹೊಗೆಯನ್ನು ಕಾರುತ್ತಾ ಬರುವ ಹಡಗನ್ನು ಆ ಜನರು ಅದುವರೆಗೆ ಕಂಡಿದ್ದಿಲ್ಲ. ಕಪ್ಪು ಹಡಗುಗಳೆಂದು ಹೆಸರಿಟ್ಟರು. ಎದೋ ಪಟ್ಟಣದಲ್ಲಿ ಗಾಬರಿಯಾಯಿತು. ಮಕ್ಕಳನ್ನೂ ಮುದುಕರನ್ನೂ ಸಾಮಾನುಗಳನ್ನೂ ಹೊತ್ತುಕೊಂಡು ಜನರು ಓಡಿದರು.

ಅಧಿಕಾರಿಗಳು ದೋಣಿಯಲ್ಲಿ ಬಂದು, ಪರದೇಶದವರು ನಾಗಸಾಕಿಗೆ ಹೋಗಬೇಕು, ಇಲ್ಲಿ ಪತ್ರ ತಕ್ಕೊಳ್ಳುವ ಪದ್ಧತಿಯಿಲ್ಲವೆಂದರು. ಪೆರಿಯು, ನೀವು ತಕ್ಕೊಳ್ಳದಿದ್ದರೆ ನಾನು ಬಲದಿಂದಲೇ ದಡಕ್ಕಿಳಿದು ಮುಟ್ಟಿಸುವೆನು ಎಂದನು. ನಡುವೆ ಆದಿತ್ಯವಾರ ಬಂತು. ಅದು ಸಬ್ಬತ್ ದಿನವೆಂದು ಪೆರಿಯು ಜಪಾನಿನವರ ಭೇಟಿಯನ್ನು ನಿಲ್ಲಿಸಿ ಹಡಗಿನ ಮೇಲೆ ಆರಾಧನೆ ನಡಿಸಿದನು. ತೋಪುಗಳ ಸಾಲಿನ ನಡುವೆ ಕೀರ್ತನೆಯ ಸ್ವರ ಎದ್ದಿತು. ಹಲವು ಬೋಧಕರು ಈ ಸಂಗತಿಯನ್ನು ಬಹಳ ಹೊಗಳಿ ಬರೆದಿದ್ದಾರೆ. ನಾನು ಚಿಕ್ಕವನಾಗಿದ್ದಾಗ ಓದಿ ಪುಳಕಗೊಂಡದ್ದೂ ಉಂಟು. ಈಗ ಓದಿದರೆ ದಡದಲ್ಲಿ ನಿಂತು ಕೇಳಿದವರ ಕಿವಿಯ ನೆನಪಾಗುತ್ತದೆ. ಅವರಿಗೆ ಆ ಹಾಡಿನ ಅರ್ಥ ಗೊತ್ತಿರಲಿಲ್ಲ. ತೋಪಿನ ಅರ್ಥ ಚೆನ್ನಾಗಿ ಗೊತ್ತಿತ್ತು.

ಜುಲೈ 14ರಂದು ಕುರಿಹಾಮಾ ಎಂಬಲ್ಲಿ ಹೊಸದಾಗಿ ಕಟ್ಟಿಸಿದ ಚಪ್ಪರದಲ್ಲಿ ಪತ್ರವನ್ನು ಒಪ್ಪಿಸಿದರು. ಸುಮಾರು 300 ಮಂದಿ ಅಮೆರಿಕಾದವರು ವಾದ್ಯದೊಡನೆ ಇಳಿದರು. ಎದುರಿಗೆ ಸಾವಿರಾರು ಜಪಾನೀ ದಂಡಾಳುಗಳು. ಇಬ್ಬರು ಹುಡುಗರು ಕೆಂಪು ಬಟ್ಟೆ ಹೊದಿಸಿದ ಪೆಟ್ಟಿಗೆಗಳನ್ನು ಮುಂದೆ ಹೊತ್ತುಕೊಂಡು ನಡೆದರು. ಅರ್ಧ ತಾಸಿನೊಳಗೆ ಎಲ್ಲಾ ಮುಗಿಯಿತು. ನಮ್ಮ ಕಾನೂನಿಗೆ ವಿರೋಧವಾಗಿ ಇಲ್ಲಿ ಪತ್ರವನ್ನು ಸ್ವೀಕರಿಸಿದ್ದೇವೆ, ಇನ್ನು ನೀವು ಹೊರಡಬಹುದು ಎಂಬ ಅರ್ಥದ ರಸೀದಿಯನ್ನು ಜಪಾನಿನವರು ಕೊಟ್ಟರು. ಬರುವ ವರುಷ ಉತ್ತರಕ್ಕೆ ಇನ್ನೂ ಹೆಚ್ಚು ಹಡಗುಗಳೊಂದಿಗೆ ಬರುವೆನೆಂದು ಪೆರಿಯು ತಿಳಿಸಿ ಹೊರಟುಹೋದನು.

ಈಗ ಗಮನಿಸಿರಿ. ಪೆರಿಯ ಹಡಗಿನಲ್ಲಿ ದುಭಾಷಿಯಾಗಿ ಇದ್ದವನು ಯಾರು? ಅದೇ ಸ್ಯಾಮುವೆಲ್ ವೆಲ್ಸ್ ವಿಲಿಯಮ್ಸ್. ಅವನು ಜಪಾನೀ ಭಾಷೆಯನ್ನು ಕಲಿತದ್ದು ದಿಕ್ಕುತಪ್ಪಿ ಬಂದ ಆ ನಾವಿಕರ ಬಾಯಿಂದಲೇ. ಅದೇ ಉರಾಗಾ, ಅದೇ ಮನುಷ್ಯನು. 1837ರಲ್ಲಿ ತೋಪಿಲ್ಲದೆ ಬಂದವರನ್ನು ತೋಪು ಹಾರಿಸಿ ಓಡಿಸಿದರು. 1853ರಲ್ಲಿ ತೋಪಿನೊಡನೆ ಬಂದವರನ್ನು ಚಪ್ಪರ ಹಾಕಿ ಎದುರುಗೊಂಡರು. ಸಹೋದರರೇ, ಇಲ್ಲಿ ಒಂದು ಶೋಧನೆಯುಂಟು. ಪ್ರೀತಿಯಿಂದ ಆಗದ ಕೆಲಸ ಬಲದಿಂದ ಆಗುತ್ತದೆ, ಆದಕಾರಣ ಬಲವೇ ದೇವರ ಕೈಯೆಂದು ಹೇಳುವ ಶೋಧನೆ. ಅರಣ್ಯದಲ್ಲಿ ನಮ್ಮ ಕರ್ತನಿಗೆ ಲೋಕದ ರಾಜ್ಯಗಳನ್ನೆಲ್ಲಾ ತೋರಿಸಿದವನು ಇದನ್ನೇ ಹೇಳಿದನು. ಕರ್ತನು ಒಪ್ಪಲಿಲ್ಲ.

1854ರ ಫೆಬ್ರವರಿಯಲ್ಲಿ ಪೆರಿಯು ತಿರುಗಿ ಬಂದನು. ಕಡೆಗೆ ಒಂಬತ್ತು ಹಡಗುಗಳಾದವು. ಈ ನಡುವೆ ಶೋಗುನ್ ಎಂಬ ಹೆಸರಿನ ಆಳುವ ಸೇನಾಪತಿಯು ತೀರಿಹೋಗಿದ್ದನು. ಮುಖ್ಯಮಂತ್ರಿಯಾದ ಆಬೆ ಮಾಸಾಹಿರೋ ಎಂಬವನು ಹಿಂದೆ ಎಂದೂ ಇಲ್ಲದ ರೀತಿಯಲ್ಲಿ ಎಲ್ಲಾ ಪಾಳೆಯಗಾರರಿಗೂ ಪತ್ರದ ನಕಲನ್ನು ಕಳುಹಿಸಿ ಆಲೋಚನೆ ಕೇಳಿದ್ದನು. ಒಮ್ಮತ ಬರಲಿಲ್ಲ, ಯುದ್ಧಕ್ಕೆ ಹಡಗುಗಳೂ ಇರಲಿಲ್ಲ. ಯೊಕೊಹಾಮಾ ಎಂಬ ಬೆಸ್ತರ ಹಳ್ಳಿಯಲ್ಲಿ ಮಾತುಕತೆ ನಡೆಯಿತು. ಪೆರಿಯು ತಂದ ಕಾಣಿಕೆಗಳಲ್ಲಿ ಒಂದು ತಂತಿಯ ಯಂತ್ರವೂ, ಹಳಿಯ ಮೇಲೆ ಓಡುವ ಒಂದು ಪುಟ್ಟ ಉಗಿಬಂಡಿಯೂ ಇದ್ದವು. ಬಂಡಿಯೊಳಗೆ ಮನುಷ್ಯರು ಹಿಡಿಯರು. ಆದರೂ ಒಬ್ಬ ಅಧಿಕಾರಿಯು ಬಿಡಲೊಲ್ಲದೆ ಅದರ ಮಾಡಿನ ಮೇಲೆಯೇ ಕುಳಿತು, ಉದ್ದನೆಯ ನಿಲುವಂಗಿಯು ಗಾಳಿಗೆ ಹಾರಾಡುತ್ತಾ ಇರಲು, ಸುತ್ತುಸುತ್ತಾಗಿ ಓಡಿದನಂತೆ. ಜಪಾನಿನವರು ಅಕ್ಕಿಯ ಮೂಟೆಗಳನ್ನು ಕೊಟ್ಟು, ಅವುಗಳನ್ನು ತಮ್ಮ ಜಟ್ಟಿಗಳಿಂದ ಹೊರಿಸಿ ತೋರಿಸಿದರು. ನಗುವದಕ್ಕೆ ಎರಡು ಕಡೆಯವರಿಗೂ ಸ್ವಲ್ಪ ಸಮಯ ಸಿಕ್ಕಿತೆಂದು ತೋರುತ್ತದೆ.

ಆ ಮಾರ್ಚ್ ತಿಂಗಳಲ್ಲಿ ಮಿಸಿಸಿಪ್ಪಿ ಹಡಗಿನ ಒಬ್ಬ ಸಿಪಾಯಿ ಸತ್ತನು. ಅವನನ್ನು ಯೊಕೊಹಾಮಾದಲ್ಲಿ ಒಂದು ಗುಡಿಯ ಹತ್ತಿರ ಹೂಣಿಡಲು ಅಪ್ಪಣೆಯಾಯಿತು. ಹಡಗಿನ ಪಾದ್ರಿಯಾದ ಜಾರ್ಜ್ ಜೋನ್ಸನು ನಿಲುವಂಗಿ ತೊಟ್ಟು, ಪುಸ್ತಕ ಹಿಡಿದು, ಪುನರುತ್ಥಾನದ ನಿರೀಕ್ಷೆಯ ಮಾತುಗಳನ್ನು ಎಲ್ಲರಿಗೂ ಕೇಳುವಂತೆ ಓದಿದನು. ಆ ಮಾತುಗಳಿಗೆ ಮರಣದಂಡನೆಯಿದ್ದ ದೇಶವದು. ಜನರು ಗುಡ್ಡದ ಮೇಲೂ ದಾರಿಯ ಬದಿಯಲ್ಲಿಯೂ ನಿಂತು ಸುಮ್ಮನೆ ನೋಡಿದರು. ಅಮೆರಿಕಾದವರು ಮುಗಿಸಿದ ಮೇಲೆ ಒಬ್ಬ ಬೌದ್ಧ ಪೂಜಾರಿಯು ಅದೇ ಸಮಾಧಿಯ ಬಳಿಯಲ್ಲಿ ಧೂಪ ಹಾಕಿ ತನ್ನ ಮತದ ಕ್ರಮದಂತೆ ಸತ್ತವನಿಗಾಗಿ ಪ್ರಾರ್ಥನೆ ಮಾಡಿದನು. ಈ ಪೂಜಾರಿಯ ಕೆಲಸವನ್ನು ನಮ್ಮ ಉಪದೇಶದೊಂದಿಗೆ ಹೊಂದಿಸಲಾರೆನು. ಆದರೆ ಬಲವಂತದಿಂದ ಬಂದ ಪರದೇಶದ ಸಿಪಾಯಿಯ ಹೆಣಕ್ಕೆ ಅವನು ತೋರಿಸಿದ ಮರ್ಯಾದೆಯನ್ನು ನಾನು ಕಡಿಮೆಯೆಂದು ಹೇಳೆನು. ಒಂಬತ್ತು ಹಡಗುಗಳ ತೋಪುಗಳು ಮಾಡದ್ದನ್ನು ಒಂದು ಹೆಣದ ಪೆಟ್ಟಿಗೆಯು ಮಾಡಿತು. ಆ ಒಂದು ಸಾಯಂಕಾಲ ಯಾರೂ ಯಾರಿಗೂ ಹೆದರಲಿಲ್ಲ.

1854ರ ಮಾರ್ಚ್ 31ರಂದು ಒಡಂಬಡಿಕೆಯಾಯಿತು. ಹನ್ನೆರಡು ವಿಧಿಗಳು. ಶಿಮೋದಾ, ಹಾಕೊದಾತೆ ಎಂಬ ಎರಡು ರೇವುಗಳು ತೆರೆಯಲ್ಪಟ್ಟವು. ಒಡೆದ ಹಡಗಿನವರನ್ನು ದಯೆಯಿಂದ ನಡಿಸಬೇಕು. ಹಡಗುಗಳಿಗೆ ಬೇಕಾದ ಕಟ್ಟಿಗೆ, ನೀರು, ಕಲ್ಲಿದ್ದಲು, ಆಹಾರಗಳನ್ನು ಒದಗಿಸಬೇಕು. ದೇವರ ವಿಷಯದಲ್ಲಿ ಒಂದು ಮಾತೂ ಇರಲಿಲ್ಲ. ನಿಜವಾದ ವ್ಯಾಪಾರವು 1858ರಲ್ಲಿ ಟೌನ್ಸೆಂಡ್ ಹ್ಯಾರಿಸನು ಮಾಡಿದ ಒಡಂಬಡಿಕೆಯಿಂದ ಬಂತು. ಅದನ್ನು ನೋಡುವದಕ್ಕೆ ಪೆರಿಯು ಉಳಿಯಲಿಲ್ಲ, ಅದೇ ವರುಷದ ಮಾರ್ಚಿಯಲ್ಲಿ ತೀರಿಹೋದನು.

ಇದಾದ ಕೆಲವು ವಾರಗಳ ಮೇಲೆ ನಡೆದ ಸಂಗತಿಯೇ ನನ್ನನ್ನು ಹೆಚ್ಚಾಗಿ ಕಾಡಿದೆ. ಪೆರಿಯ ಹಡಗುಗಳು ಶಿಮೋದಾದಲ್ಲಿ ನಿಂತಿದ್ದವು. ಏಪ್ರಿಲ್ 25ರ ನಡುರಾತ್ರಿಯಲ್ಲಿ ಇಬ್ಬರು ಯೌವನಸ್ಥರು ಕದ್ದ ದೋಣಿಯಲ್ಲಿ ಹೊರಟರು. ಒಬ್ಬನು ಯೋಶಿದಾ ಶೋಯಿನ್ ಎಂಬ ಪಂಡಿತನು, ಪ್ರಾಯ 24ರ ಸುಮಾರು. ಇನ್ನೊಬ್ಬನು ಅವನ ಗೆಳೆಯ ಕಾನೆಕೊ. ದೋಣಿಗೆ ಹುಟ್ಟು ಸಿಕ್ಕಿಸುವ ಗೂಟವಿರಲಿಲ್ಲ. ಉಟ್ಟ ಬಟ್ಟೆಯನ್ನೂ ನಡುಕಟ್ಟನ್ನೂ ಬಿಚ್ಚಿ ಹುಟ್ಟುಗಳನ್ನು ಕಟ್ಟಿಕೊಂಡು, ಅಲೆಗಳಲ್ಲಿ ತಿರುಗಿ ತಿರುಗಿ, ಮೊದಲು ಮಿಸಿಸಿಪ್ಪಿಗೆ, ಅಲ್ಲಿಂದ ಪವ್ಹಾಟನ್ ಎಂಬ ಹಡಗಿಗೆ ಬಂದರು. ಏಣಿಯ ಬಳಿಯಲ್ಲಿ ಅವರ ದೋಣಿಯು ಅಲೆಗೆ ಬಡಿದು ತೇಲಿಹೋಯಿತು. ಕತ್ತಿಗಳೂ ಕಾಗದಗಳೂ ಅದರಲ್ಲಿಯೇ. ದುಭಾಷಿಯಾದ ವಿಲಿಯಮ್ಸನ ಮೂಲಕ ಅವರು ಬೇಡಿಕೊಂಡದ್ದಿಷ್ಟೇ: ನಮ್ಮನ್ನು ನಿಮ್ಮ ದೇಶಕ್ಕೆ ಕರೆದುಕೊಂಡು ಹೋಗಿರಿ, ಲೋಕವನ್ನು ನೋಡಿ ಕಲಿಯಬೇಕು, ತಿರುಗಿ ದಡಕ್ಕೆ ಕಳುಹಿಸಿದರೆ ನಮ್ಮ ತಲೆ ಹೋಗುವದು. ಅವರು ಸುವಾರ್ತೆಗಾಗಿ ಬಂದವರಲ್ಲವೆಂದು ಸತ್ಯವಾಗಿ ಹೇಳಬೇಕು. ಶತ್ರುವಿನ ವಿದ್ಯೆಯನ್ನು ಕಲಿತು ಸ್ವದೇಶವನ್ನು ಕಾಪಾಡಬೇಕೆಂಬದೇ ಯೋಶಿದಾನ ಮನಸ್ಸು. ಪೆರಿಯು ಆಲೋಚಿಸಿದನು. ಒಡಂಬಡಿಕೆಯ ಮಸಿ ಇನ್ನೂ ಹಸಿಯಾಗಿತ್ತು. ನಿಮ್ಮ ಸರಕಾರದ ಅಪ್ಪಣೆಯಿಲ್ಲದೆ ಆಗದು ಎಂದು ಹೇಳಿಸಿ, ಹಡಗಿನ ದೋಣಿಯಲ್ಲಿ ಅವರನ್ನು ಕತ್ತಲೆಯಲ್ಲಿಯೇ ದಡಕ್ಕೆ ಬಿಡಿಸಿದನು.

ಕೆಲವು ದಿನಗಳ ಮೇಲೆ ಅಮೆರಿಕಾದ ಅಧಿಕಾರಿಗಳು ಪಟ್ಟಣದಲ್ಲಿ ತಿರುಗಾಡುವಾಗ, ಅವರಿಬ್ಬರನ್ನೂ ಒಂದು ಇಕ್ಕಟ್ಟಾದ ಪಂಜರದಲ್ಲಿ ಹಾಕಿದ್ದನ್ನು ಕಂಡರು. ಶಿಕ್ಷೆ ಕಠಿಣವಾಗಬಾರದೆಂದು ಪೆರಿಯು ಕೇಳಿಕೊಂಡನು. ಕಾನೆಕೊ ಮರು ವರುಷ ಸೆರೆಯಲ್ಲಿಯೇ ಸತ್ತನು. ಯೋಶಿದಾನು ತನ್ನ ಊರಾದ ಹಾಗಿಯಲ್ಲಿ ಕೆಲವು ಕಾಲ ಹುಡುಗರಿಗೆ ಕಲಿಸಿದನು. ಆ ಹುಡುಗರಲ್ಲಿ ಕೆಲವರು ಮುಂದೆ ದೇಶದ ಮಂತ್ರಿಗಳಾದರು. 1859ರಲ್ಲಿ ಬೇರೆ ಒಂದು ಅಪರಾಧ ಹೊರಿಸಿ ಅವನ ತಲೆ ತೆಗೆದರು.

ದೇಶದ ಬಾಗಿಲು ತೆರೆಯಿರೆಂದು ತೋಪು ತೋರಿಸಿದವನು, ಆ ದೇಶದ ಇಬ್ಬರು ಹುಡುಗರು ಬರಿಗೈಯಲ್ಲಿ ತನ್ನ ಬಾಗಿಲನ್ನು ತಟ್ಟಿದಾಗ ತೆರೆಯಲಾರದೆ ಹೋದನು. ಅವನನ್ನು ಕ್ರೂರಿಯೆಂದು ನಾನು ಹೇಳುವದಿಲ್ಲ. ಅವನ ಸ್ಥಾನದಲ್ಲಿ ನ್ಯಾಯವಂತನಾದ ಯಾವ ಅಧಿಕಾರಿಯೂ ಹಾಗೆಯೇ ಮಾಡುತ್ತಿದ್ದನು. ಆದರೆ ಬಲದಿಂದ ಬಂದವನ ಕೈಯಲ್ಲಿ ಕಟ್ಟಿದ ಹಗ್ಗ ಇದೇ. ಅವನು ಒಡಂಬಡಿಕೆಗೆ ಸೇವಕನು, ತಟ್ಟುವವನಿಗೆ ಸೇವಕನಾಗಲಾರನು.

ಹಾಗಾದರೆ ದೇವರ ಕೈ ಇದರಲ್ಲಿ ಇರಲಿಲ್ಲವೋ? ಇತ್ತು. ಯೆಶಾಯನ ಗ್ರಂಥದ 10ನೆಯ ಅಧ್ಯಾಯವನ್ನು ಮನೆಯಲ್ಲಿ ಓದಿರಿ. ಅಶ್ಶೂರದ ಅರಸನನ್ನು ದೇವರು ತನ್ನ ಕೋಲಾಗಿ ಹಿಡಿದನು; ಆದರೆ ಕೊಡಲಿಯು ಕಡಿಯುವವನ ಮೇಲೆ ಹೆಚ್ಚಳಪಡಬಹುದೋ ಎಂದು ಪ್ರವಾದಿಯು ಕೇಳುತ್ತಾನೆ. ಯೋಸೇಫನ ಅಣ್ಣಂದಿರು ಅವನನ್ನು ಮಾರಿದರು, ದೇವರು ಅದರಿಂದ ಬಹುಜನರ ಪ್ರಾಣ ಉಳಿಸಿದನು. ಅದಕ್ಕಾಗಿ ಮಾರಿದವರ ಕೈ ಶುದ್ಧವಾಯಿತೋ? ನಮ್ಮ ರೈತರಿಗೆ ಇದು ತಿಳಿದ ಮಾತು. ನೆರೆಯ ನೀರು ಗದ್ದೆಗೆ ಗೋಡುಮಣ್ಣು ತಂದುಹಾಕಿ ಹೋಗುವದುಂಟು. ಆ ಮಣ್ಣಿನಲ್ಲಿ ಬಿತ್ತಿದವನು ದೇವರಿಗೆ ಸ್ತೋತ್ರ ಹೇಳುವನು, ಆದರೆ ಕೊಚ್ಚಿಹೋದ ಮನೆಯವರ ಮುಂದೆ ನಿಂತು ನೆರೆಯನ್ನು ಹೊಗಳುವನೋ?

ಕೊಚ್ಚಿಹೋದ ಮನೆಗಳೂ ಇದ್ದವು. ಜಪಾನಿನಲ್ಲಿ ಒಂದು ತೂಕದ ಚಿನ್ನಕ್ಕೆ ಐದು ತೂಕದ ಬೆಳ್ಳಿ. ಹೊರಗಿನ ಲೋಕದಲ್ಲಿ ಹದಿನೈದು. 1859ರಲ್ಲಿ ರೇವುಗಳು ತೆರೆದ ಕೂಡಲೇ ಪರದೇಶದ ವರ್ತಕರು ಬೆಳ್ಳಿ ತಂದು ಚಿನ್ನದ ನಾಣ್ಯಗಳನ್ನು ಕೊಂಡೊಯ್ದರು. ಹಣ ಕೆಟ್ಟಿತು, ಅಕ್ಕಿಯ ಬೆಲೆ ಏರಿತು, ಬಡವರು ಸಂಕಟಪಟ್ಟರು. ಒಡಂಬಡಿಕೆಯನ್ನು ದ್ವೇಷಿಸಿದವರು ಕತ್ತಿ ಹಿಡಿದರು.

1858ರ ಒಡಂಬಡಿಕೆಯ ಪ್ರಕಾರ ಪರದೇಶದವರು ತಮಗೆ ದೇವಾಲಯಗಳನ್ನು ಕಟ್ಟಿಕೊಳ್ಳಬಹುದಾಗಿತ್ತು. ಜಪಾನೀಯನಿಗೆ ಮಾತ್ರ ಮರಣದಂಡನೆಯ ಹಲಗೆ ಇನ್ನೂ ಹಾಗೆಯೇ ನಿಂತಿತ್ತು. ನಾಗಸಾಕಿಯ ಓಉರಾ ಎಂಬಲ್ಲಿ ಫ್ರಾನ್ಸಿನ ಪಾದ್ರಿಗಳು ಒಂದು ದೇವಾಲಯ ಕಟ್ಟಿದರು. 1865ರ ಮಾರ್ಚ್ 17ರಂದು ಹತ್ತಿರದ ಉರಾಕಾಮಿ ಗ್ರಾಮದ ಹತ್ತು ಹದಿನೈದು ಮಂದಿ ರೈತರು ಅದರ ಬಾಗಿಲಿಗೆ ಬಂದರು. ಪೆಟಿಜಾನ್ ಪಾದ್ರಿಯು ಮೊಣಕಾಲೂರಿರಲು, ಒಬ್ಬ ಹೆಂಗಸು ಹತ್ತಿರ ಬಂದು, ತಮ್ಮೆಲ್ಲರ ಹೃದಯವೂ ಅವನ ಹೃದಯದಂತೆಯೇ ಇದೆಯೆಂದು ಪಿಸುಮಾತಿನಲ್ಲಿ ಹೇಳಿದಳು. ಇನ್ನೂರು ವರುಷಗಳ ಮೇಲೆ ಪಾದ್ರಿಯಿಲ್ಲ, ದೇವಾಲಯವಿಲ್ಲ, ಅಚ್ಚಿನ ಪುಸ್ತಕವಿಲ್ಲ. ತಾಯಿ ಮಗುವಿಗೆ, ಅಜ್ಜ ಮೊಮ್ಮಗನಿಗೆ ಪ್ರಾರ್ಥನೆಗಳನ್ನು ಬಾಯಿಪಾಠ ಕಲಿಸಿ, ತಮ್ಮೊಳಗಿನ ಒಬ್ಬನಿಂದಲೇ ಸ್ನಾನ ಮಾಡಿಸಿಕೊಂಡು, ಹೊರಗೆ ಚಿತ್ರವನ್ನು ತುಳಿದು ಮನೆಯಲ್ಲಿ ಕಣ್ಣೀರಿಟ್ಟು, ಅವರು ಉಳಿದಿದ್ದರು. ಅವರ ಪದ್ಧತಿಗಳಲ್ಲಿ ನಾವು ಒಪ್ಪದವು ಅನೇಕವುಂಟು. ಅದನ್ನು ಇಲ್ಲಿ ಎತ್ತುವದು ನನಗೆ ನಾಚಿಕೆಯಾಗಿ ತೋರುತ್ತದೆ. ನಾವು ಒಂದು ತಿಂಗಳು ಉಪದೇಶಿ ಬಾರದೆ ಹೋದರೆ ಆರಾಧನೆಯನ್ನೇ ನಿಲ್ಲಿಸುವವರು.

ಪೆರಿಯು ಮುಚ್ಚಿದ ದೇಶದ ಬಾಗಿಲನ್ನು ತೆರೆದನೆಂದು ಪುಸ್ತಕಗಳು ಹೇಳುತ್ತವೆ. ಅವನು ಬಂದಾಗ ಆ ಮನೆಯೊಳಗೆ ಕರ್ತನು ಆಗಲೇ ಊಟಕ್ಕೆ ಕುಳಿತಿದ್ದನು.

ಅವರ ಗುಟ್ಟು ಹೊರಬಿದ್ದದರಿಂದ ಹೊಸ ಹಿಂಸೆ ಬಂತು. 1868ರಿಂದ ಉರಾಕಾಮಿಯ ಸುಮಾರು 3,400 ಮಂದಿಯನ್ನು ಊರು ಬಿಡಿಸಿ, ಬೇರೆ ಬೇರೆ ಸೀಮೆಗಳಿಗೆ ಗಡೀಪಾರು ಮಾಡಿದರು. 600ಕ್ಕೂ ಹೆಚ್ಚು ಜನರು ಹಸಿವೆಯಿಂದಲೂ ಚಳಿಯಿಂದಲೂ ಪೆಟ್ಟಿನಿಂದಲೂ ಸತ್ತರು. 1873ರ ಫೆಬ್ರವರಿ 24ರಂದು ಹಲಗೆಗಳನ್ನು ಕಿತ್ತುಹಾಕಿದರು. ಉಳಿದವರು ಮನೆಗೆ ನಡೆದು ಬಂದರು. ಕಪ್ಪು ಹಡಗುಗಳು ಬಂದು ಆಗ ಇಪ್ಪತ್ತು ವರುಷಗಳಾಗಿದ್ದವು. ಪರದೇಶದ ಸರಕಾರಗಳ ದೂರು ಇದಕ್ಕೆ ಸಹಾಯವಾಯಿತೆಂಬದೂ ಸತ್ಯವೇ; ಆದರೆ ದೂರು ಕೊಡುವದಕ್ಕೆ ಸೈರಣೆಯ ಸಾಕ್ಷಿ ಬೇಕಾಗಿತ್ತು, ಅದನ್ನು ರೈತರು ಕೊಟ್ಟಿದ್ದರು.

ನಮ್ಮ ಪಂಗಡದವರ ಕೆಲಸವೂ ಸದ್ದಿಲ್ಲದೆ ನಡೆಯಿತು. ಸಾಗಾ ಸೀಮೆಯ ಅಧಿಕಾರಿಯಾದ ಮುರಾತಾ ವಾಕಾಸಾ ಎಂಬವನು 1854ರ ಸುಮಾರಿಗೆ ಪರದೇಶದ ಹಡಗುಗಳ ವಿರುದ್ಧವಾಗಿ ನಾಗಸಾಕಿಯ ರೇವನ್ನು ಕಾಯುತ್ತಿದ್ದಾಗ, ನೀರಿನಲ್ಲಿ ತೇಲುತ್ತಿದ್ದ ಒಂದು ಪುಸ್ತಕವು ಅವನ ಕೈಗೆ ಬಂತೆಂದು ಹೇಳುವರು. ವಿಚಾರಿಸಲಾಗಿ ಅದು ಡಚ್ ಭಾಷೆಯ ಹೊಸ ಒಡಂಬಡಿಕೆಯಾಗಿತ್ತು. ಅವನು ಚೀನ ಭಾಷೆಯ ಪ್ರತಿಯನ್ನು ತರಿಸಿಕೊಂಡು, ತಮ್ಮನೊಡನೆ ವರುಷಗಟ್ಟಲೆ ಓದಿದನು. 1859ರಲ್ಲಿ ನಾಗಸಾಕಿಗೆ ಬಂದಿದ್ದ ಗಿಡೋ ವರ್ಬೆಕ್ ಬೋಧಕನಿಂದ 1866ರಲ್ಲಿ ಇಬ್ಬರೂ ದೀಕ್ಷಾಸ್ನಾನ ಹೊಂದಿದರು. ಆಗ ಹಲಗೆಗಳು ನಿಂತೇ ಇದ್ದವು. ಕಾವಲುಗಾರನನ್ನೇ ಒಳಗಿನಿಂದ ಎಬ್ಬಿಸಿದ್ದು ಒಂದು ಒದ್ದೆಯಾದ ಪುಸ್ತಕ. ಅದೇ 1859ರಲ್ಲಿ ಬಂದ ವೈದ್ಯನಾದ ಹೆಪ್ಬರ್ನನು ಕಣ್ಣುಬೇನೆಯವರಿಗೆ ಔಷಧಿ ಕೊಡುತ್ತಾ, ಮಾತುಗಳನ್ನು ಒಂದೊಂದಾಗಿ ಆಯ್ದು, 1867ರಲ್ಲಿ ಒಂದು ನಿಘಂಟನ್ನು ಅಚ್ಚು ಹಾಕಿಸಿದನು. ಸತ್ಯವೇದವು ಜಪಾನೀ ಭಾಷೆಗೆ ಬಂದದ್ದು ಹೀಗೆ, ಒಂದೊಂದು ಮಾತಾಗಿ. ಮೂವರು ನಾವಿಕರು ಆರಂಭಿಸಿದ ಕೆಲಸವದು. ಅವರಲ್ಲಿ ಒಟೊಕಿಚಿಯು 1854ರಲ್ಲಿ ಇಂಗ್ಲಿಷರ ಹಡಗಿನಲ್ಲಿ ದುಭಾಷಿಯಾಗಿ ನಾಗಸಾಕಿಗೆ ಬಂದಾಗ, ಬೇಕಾದರೆ ಇಲ್ಲಿಯೇ ಇರಬಹುದೆಂದು ಅವನ ಜನರು ಹೇಳಿದರು. ಅಷ್ಟರಲ್ಲಿ ಅವನಿಗೆ ಹೊರಗೆ ಹೆಂಡತಿ ಮಕ್ಕಳಿದ್ದರು. ಅವನು ಇಳಿಯಲಿಲ್ಲ, 1867ರಲ್ಲಿ ಸಿಂಗಾಪುರದಲ್ಲಿ ತೀರಿಹೋದನು.

ಆ ಹಿರಿಯರಿಗೆ ನಾನು ಈಗ ಏನು ಹೇಳಲಿ? ಸಂತೆಯವನ ಮಾತನ್ನು ಪೂರಾ ಅಲ್ಲಗಳೆಯಬೇಡಿರಿ ಎಂದು ಹೇಳುವೆನು. ತೋಪು ಬಂದದ್ದುಂಟು, ಅದರ ಪಕ್ಕದಲ್ಲಿ ಕೀರ್ತನೆ ಹಾಡಿದ್ದೂ ಉಂಟು. ಅದಕ್ಕಾಗಿ ನಾವು ತಲೆ ತಗ್ಗಿಸಬೇಕು. ಆದರೆ ಅವನನ್ನು ಕೂರಿಸಿ, ಉರಾಕಾಮಿಯ ಹೆಂಗಸಿನ ಕಥೆಯನ್ನು ಹೇಳಿರಿ; ಆಕೆಯ ಮನೆಗೆ ಯಾವ ಹಡಗಿನಿಂದ ದೇವರು ಬಂದನೆಂದು ಕೇಳಿರಿ.

ಆ ಚರಿತ್ರೆಯು 1873ರಲ್ಲಿ ಮುಗಿಯಲಿಲ್ಲ. ಗಡೀಪಾರಿನಿಂದ ಹಿಂದಿರುಗಿದವರೂ ಅವರ ಮಕ್ಕಳೂ ಇಟ್ಟಿಗೆ ಹೊತ್ತು ಉರಾಕಾಮಿಯಲ್ಲಿ ಒಂದು ದೊಡ್ಡ ದೇವಾಲಯ ಕಟ್ಟಿದರು. 1945ರ ಆಗಸ್ಟ್ 9ರಂದು ಅಮೆರಿಕಾದ ವಿಮಾನವು ಹಾಕಿದ ಅಣುಬಾಂಬು ಅದಕ್ಕೆ ಅರ್ಧ ಮೈಲಿಗೂ ಹತ್ತಿರದಲ್ಲಿ ಸಿಡಿಯಿತು. ಆ ಸಭೆಯ ಸುಮಾರು 12,000 ಮಂದಿಯಲ್ಲಿ 8,500ರಷ್ಟು ಜನರು ಸತ್ತರೆಂದು ಲೆಕ್ಕ. ಸೆಪ್ಟೆಂಬರ್ 2ರಂದು ತೋಕಿಯೋ ಕೊಲ್ಲಿಯಲ್ಲಿ, ಮಿಸೌರಿ ಎಂಬ ಯುದ್ಧದ ಹಡಗಿನ ಮೇಲೆ, ಜಪಾನು ಸೋಲಿನ ಪತ್ರಕ್ಕೆ ರುಜು ಹಾಕಿತು. ಪೆರಿಯು 1853ರಲ್ಲಿ ಅದೇ ಕೊಲ್ಲಿಗೆ ತಂದಿದ್ದ ಬಾವುಟವನ್ನು ಅಮೆರಿಕಾದಿಂದ ತರಿಸಿ, ಚೌಕಟ್ಟು ಹಾಕಿ, ಎಲ್ಲರಿಗೂ ಕಾಣುವಂತೆ ಅಲ್ಲಿ ತೂಗಹಾಕಿದ್ದರು.

ಉರಾಕಾಮಿಯ ದೇವಾಲಯದಲ್ಲಿ ಎರಡು ಗಂಟೆಗಳಿದ್ದವು. ಒಂದು ಒಡೆದುಹೋಯಿತು. ಇನ್ನೊಂದನ್ನು ಬದುಕಿ ಉಳಿದವರು ಬೂದಿಯಿಂದ ಅಗೆದು ತೆಗೆದು, ಆ ವರುಷದ ಕ್ರಿಸ್ತಜಯಂತಿಯ ಹಿಂದಿನ ರಾತ್ರಿ ಬಾರಿಸಿದರು. ಮತ್ತೊಂದರ ಗೋಪುರವು ಎಂಭತ್ತು ವರುಷ ಬರಿದಾಗಿತ್ತು. ಅಮೆರಿಕಾದ ಕ್ರೈಸ್ತರು ತಮ್ಮೊಳಗೆ ಹಣ ಕೂಡಿಸಿ ಒಂದು ಹೊಸ ಗಂಟೆಯನ್ನು ಎರಕ ಹೊಯ್ಯಿಸಿ ಕಳುಹಿಸಿದರು. 2025ರ ಆಗಸ್ಟ್ 9ರಂದು, ಬಾಂಬು ಬಿದ್ದ ಅದೇ ನಿಮಿಷಕ್ಕೆ, ಅಂದರೆ ಬೆಳಿಗ್ಗೆ 11 ತಾಸು 2 ನಿಮಿಷಕ್ಕೆ, ಹಳೆಯ ಗಂಟೆಯೂ ಹೊಸ ಗಂಟೆಯೂ ಒಟ್ಟಿಗೆ ಬಾರಿಸಿದವು.